ಬರೇ ವೀಕ್ನೆಸ್

ನಮ್ಮ ಓಣಿಯಲ್ಲಿ ಕಾಯಿಲೆಗಳಿಗೂ ಮಾನ ಮರ್ಯಾದೆ ಇದೆ. ಸಕ್ಕರೆ ಕಾಯಿಲೆ ಬಂತೆಂದರೆ ಹೋದ ಮನೆಯಲ್ಲೆಲ್ಲ ಬೇರೆ ಚಹಾ ಮಾಡಿ ಕೊಡುತ್ತಾರೆ. ಬಿಪಿ ಇದೆಯೆಂದರೆ ಯಾರೂ ದನಿ ಏರಿಸುವುದಿಲ್ಲ. ಕಾಮಾಲೆಯಾದರೆ ಔಷಧಿ ಕೊಡುವ ಊರಿನ ಹೆಸರು ಹೇಳಲು ಜನ ಮನೆಗೇ ಬರುತ್ತಾರೆ. ನನಗೆ ಬಂದದ್ದು ವೀಕ್ನೆಸ್. ಅದಕ್ಕೆ ಯಾರೂ ಒಂದು ಎಳನೀರನ್ನೂ ಹಿಡಿದುಕೊಂಡು ಬರಲಿಲ್ಲ.

ವೀಕ್ನೆಸ್ ಎಂಬುದು ನಮ್ಮವರ ಬಾಯಲ್ಲಿ ಇಂಗ್ಲಿಷ್ ಮಾತಾಗಿ ಉಳಿದಿಲ್ಲ. ನಾವಿರುವ ಮೋತಿ ಡೊಂಗರ್ ಗುಡ್ಡದ ಮೆಟ್ಟಿಲು ಹತ್ತಿ ಏದುಸಿರು ಬಂದರೆ ವೀಕ್ನೆಸ್. ಬಾಣಂತಿಯ ಮುಖ ಬಿಳುಚಿದರೆ ವೀಕ್ನೆಸ್. ಗಂಡಸು ಕುಡಿದು ಮರುದಿನ ಕೆಲಸಕ್ಕೆ ಏಳದಿದ್ದರೆ ಅದೂ ವೀಕ್ನೆಸ್. ಅದರ ಮದ್ದು ಎಲ್ಲರಿಗೂ ಗೊತ್ತು. ಒಂದು ಬಾಟಲಿ ಸಲಾಯಿನ್ ಹಚ್ಚಿಸಿಕೊಳ್ಳಬೇಕು, ಕೆಂಪು ಬಣ್ಣದ ಶಕ್ತಿ ಇಂಜೆಕ್ಷನ್ ಚುಚ್ಚಿಸಿಕೊಳ್ಳಬೇಕು, ಮನೆಗೆ ಬಂದು ಬೇಯಿಸಿದ ಮೊಟ್ಟೆ ತಿನ್ನಬೇಕು. ಮರುದಿನ ಕೆಲಸಕ್ಕೆ ಹೋಗಬೇಕು. ಹೋಗದಿದ್ದರೆ ಅದಕ್ಕೆ ಬೇರೆ ಹೆಸರಿದೆ, ಮೈಗಳ್ಳತನ.

ನಾನು ಬಾಗಲಕೋಟೆ ಕಡೆಯವಳು, ಹೆಸರು ರೇಣುಕಾ. ಪಿಯುಸಿ ಮುಗಿದ ಮೇಲೆ ಮದುವೆಯಾಗಿ ಗೋವಾದ ಮಡಗಾಂವಿಗೆ ಬಂದೆ. ಗಂಡ ಸಿದ್ದಪ್ಪ ಗೌಂಡಿ ಕೆಲಸದವರು. ನಾನು ಸಮುದ್ರದ ದಂಡೆಯಲ್ಲಿ ಕನ್ನಡಿ ಕೆಲಸದ ಚೀಲ, ಮಣಿಸರ, ಲುಂಗಿ ಮಾರುವವಳು. ಗಂಟು ಹೊತ್ತು ಬಿಸಿಲಲ್ಲಿ ತಿರುಗಿ, ಬಂದು ನೀರು ಹೊತ್ತು, ರೊಟ್ಟಿ ಬಡಿದು, ಮಗಳ ಶಾಲೆಗೆ ಹೋಗಿ ಬಂದು, ಮತ್ತೆ ಯಾರದಾದರೂ ಹೆರಿಗೆಗೆ ಓಡಿದ್ದಕ್ಕೆ ಓಣಿಯವರು ನನಗೊಂದು ಬಿರುದು ಕೊಟ್ಟಿದ್ದರು, ಗಟ್ಟಿಗಿತ್ತಿ. ಕೊಡುವವರಿಗೆ ಇದರಷ್ಟು ಸಲೀಸಾದ ಬಿರುದು ಇನ್ನೊಂದಿಲ್ಲ. ಒಬ್ಬಳನ್ನು ಗಟ್ಟಿಗಿತ್ತಿ ಅಂದುಬಿಟ್ಟರೆ ಅವಳ ಕೊಡಕ್ಕೆ ಕೈ ಹಚ್ಚಬೇಕಾಗಿಲ್ಲ, ಊಟ ಆಯಿತೇ ಎಂದು ಕೇಳಬೇಕಾಗಿಲ್ಲ. ನಾನೂ ಆ ಮಾತಿಗೆ ಹಿಗ್ಗುತ್ತಿದ್ದೆ ಅನ್ನುವುದು ಬೇರೆ ಮಾತು.

ಮೊದಲು ಬಿದ್ದದ್ದು ಎಡಗಣ್ಣಿನ ರೆಪ್ಪೆ. ಬೆಳಿಗ್ಗೆ ಸರಿಯಿರುತ್ತಿತ್ತು, ಬಿಸಿಲೇರಿದ ಹಾಗೆ ತಾನಾಗಿಯೇ ಇಳಿಯುತ್ತಿತ್ತು. ಒಂದು ದಿನ ದಂಡೆಯಲ್ಲಿ ಕುರ್ಚಿ ಹಾಕಿ ಮಲಗಿದ್ದ ಒಬ್ಬ ಗಿರಾಕಿಯ ಮುಂದೆ ಲುಂಗಿ ಬಿಡಿಸಿ ಹಿಡಿದಿದ್ದೆ. ಪಕ್ಕದಲ್ಲಿದ್ದ ಅವನ ಹೆಂಡತಿ ಎದ್ದು ಕುಳಿತು, "ಆಂಖ್ ಕಿಸ್ಕೋ ಮಾರ್ ರಹೀ ಹೈ?" ಎಂದು ಕಿರುಚಿದಳು. ನನ್ನ ಜೊತೆ ಮಾರುವ ಮುಮ್ತಾಜಕ್ಕ ಓಡಿ ಬಂದು ನನ್ನನ್ನು ಎಳೆದುಕೊಂಡು ಹೋದಳು. ಅವಳು ನಮ್ಮ ಪಕ್ಕದ ಮನೆಯವಳು, ಮುದ್ದೇಬಿಹಾಳದ ಕಡೆಯವಳು.

"ಏನ್ ನಡಿಸೀಯ ರೇಣುಕಾ? ಹೆಂಡ್ತಿ ಮುಂದಽ ಆ ಮುದುಕಗ ಕಣ್ಣ ಹೊಡಿಯಾಕತ್ತಿ?"

"ನಾ ಎಲ್ಲಿ ಹೊಡದೇನಿ ಅಕ್ಕಾ? ಅದಽ ಬೀಳಾಕತ್ತೈತಿ."

ಇಬ್ಬರೂ ಮರಳಲ್ಲಿ ಕುಳಿತು ಹೊಟ್ಟೆ ತುಂಬ ನಕ್ಕೆವು. ಕೆಲವು ವಾರಗಳಲ್ಲಿ ನಗುವುದೂ ಕೆಟ್ಟಿತು. ತುಟಿ ಮೇಲೇಳದೆ, ನಗಲು ಹೋದರೆ ಸಿಟ್ಟಿನಿಂದ ಹಲ್ಲು ಕಚ್ಚಿದ ಹಾಗೆ ಕಾಣುತ್ತಿತ್ತು. ಆಮೇಲೆ ದನಿ ಹೋಯಿತು. "ಕಮ್ ಮೇಡಂ, ಲುಕಿಂಗ್ ಫ್ರೀ" ಎಂದು ಕೂಗಲು ಹೊರಟರೆ ಫ್ರೀ ಅನ್ನುವಷ್ಟರಲ್ಲಿ ಮಾತು ಮೂಗಿಗೆ ಏರಿ ಸಾಯುತ್ತಿತ್ತು. ಮಾರುವವಳಿಗೆ ಬಾಯೇ ಬಂಡವಾಳ. ಗಂಟನ್ನು ತಲೆಗೆ ಏರಿಸಲು ತೋಳು ಎತ್ತಿದರೆ ಅರ್ಧಕ್ಕೇ ನಿಲ್ಲುತ್ತಿತ್ತು.

ನಮ್ಮ ಜೊತೆಯಲ್ಲೇ ಇರುವ ಅತ್ತೆ ಗಂಗವ್ವ ನನ್ನ ಕಾಯಿಲೆಯನ್ನು ಸರಿಯಾಗಿ ಗಮನಿಸಿದ್ದರು. ಅದನ್ನು ಓಣಿಗೆಲ್ಲ ಹೇಳಿಯೂ ಬಂದಿದ್ದರು.

"ಮುಂಜಾನಿ ಬಂಗಾರದಂಗ ಇರ್ತಾಳ. ಸಂಜಿಕ ರೊಟ್ಟಿ ಬಡಿಯೂ ಹೊತ್ತಾತಂದ್ರ ಕೈ ಎತ್ತಾಕ ಆಗಂಗಿಲ್ಲ ಅಂತಾಳ. ಇದೆಂಥಾ ಬ್ಯಾನಿ ಯವ್ವಾ, ಗಡಿಯಾರ ನೋಡಿ ಬರ್ತೈತಿ?"

ಎಲ್ಲರೂ ನಕ್ಕರು. ಮುಂದೆ ಆಸ್ಪತ್ರೆಯಲ್ಲಿ ದೊಡ್ಡ ಡಾಕ್ಟರು ಕೇಳಿದ್ದೂ ಅದನ್ನೇ, ಬೆಳಿಗ್ಗೆ ಹೇಗೆ, ಸಂಜೆ ಹೇಗೆ ಎಂದು. ಆದರೆ ಡಾಕ್ಟರು ಕೇಳಿದಾಗ ಅದು ಲಕ್ಷಣವಾಗಿತ್ತು, ಅತ್ತೆ ಹೇಳಿದಾಗ ಸೊಸೆಯ ನಾಟಕವಾಗಿತ್ತು. ನನಗೇ ಒಮ್ಮೊಮ್ಮೆ ಸಂಶಯ ಬರುತ್ತಿತ್ತು. ಬೆಳಿಗ್ಗೆ ಎದ್ದು ಕೊಡ ಎತ್ತಿ ನೋಡುತ್ತಿದ್ದೆ, ಅದು ಸುಲಭವಾಗಿ ಏಳುತ್ತಿತ್ತು. ಹಾಗಿದ್ದರೆ ನಿನ್ನೆ ಬಿದ್ದವಳು ಯಾರು?

ಓಣಿಯ ಡಾಕ್ಟರ ಹತ್ತಿರ ಸಲಾಯಿನ್ ಆಯಿತು, ಮತ್ತೆ ಆಯಿತು. ಆಮೇಲೆ ಬಸ್ಸು ಹತ್ತಿ ಸರಕಾರದ ದೊಡ್ಡ ಆಸ್ಪತ್ರೆಗೆ ಹೋದೆವು. ಕಣ್ಣಿನವರು ಗಂಟಲಿನವರ ಕಡೆ ಕಳಿಸಿದರು. ಗಂಟಲಿನವರು ಮನಸ್ಸಿನವರ ಕಡೆ ಕಳಿಸಿದರು. ಮನಸ್ಸಿನ ಡಾಕ್ಟರು, ಮನೆಯಲ್ಲಿ ಅತ್ತೆಯ ಕಾಟ ಇದೆಯೇ ಎಂದು ಕೇಳಿದರು. ಅತ್ತೆ ನನ್ನ ಪಕ್ಕದಲ್ಲೇ ಕುಳಿತಿದ್ದರು. ನಾನು ಇಲ್ಲ ಅಂದೆ. ಹಾಗಾದರೆ ನರದವರನ್ನು ನೋಡಿ ಅಂದರು.

ನರದವರ ಬಾಗಿಲ ಮುಂದಿನ ಬೆಂಚುಗಳ ಮೇಲೆ ಕೈ ನಡುಗುವವರು, ಬಾಯಿ ಸೊಟ್ಟಗಾದವರು, ಹಣೆಗೆ ಬಟ್ಟೆ ಕಟ್ಟಿಕೊಂಡವರು ಕುಳಿತಿದ್ದರು. ಪಾಳಿ ಉದ್ದ ಇತ್ತು. ನಮ್ಮನೆಯವರು ಒಂದು ದಿನದ ಕೆಲಸ ಹೋಯಿತೆಂದು ಗೊಣಗುತ್ತಲೇ ಇದ್ದರು. ಆ ಉದ್ದ ಪಾಳಿಯೇ ನನಗೆ ಉಪಕಾರ ಮಾಡಿತು. ಬೆಳಿಗ್ಗೆಯೇ ಕರೆದಿದ್ದರೆ ಬಂಗಾರದ ಹಾಗೆ ಒಳಗೆ ಹೋಗಿ ಬಂಗಾರದ ಹಾಗೆ ಹೊರಗೆ ಬರುತ್ತಿದ್ದೆ. ನನ್ನ ಹೆಸರು ಕೂಗುವ ಹೊತ್ತಿಗೆ ರೆಪ್ಪೆ ಪೂರ್ತಿ ಬಿದ್ದಿತ್ತು.

ಒಳಗಿದ್ದ ಡಾಕ್ಟರು ಎಳೆಯ ವಯಸ್ಸಿನ ಹೆಂಗಸು. ರಬ್ಬರಿನ ಕೈಗವಸಿನಲ್ಲಿ ಐಸ್ ತುಂಬಿಸಿ ನನ್ನ ಕಣ್ಣಿನ ಮೇಲೆ ಇಟ್ಟರು. ಸ್ವಲ್ಪ ಹೊತ್ತಿನ ಮೇಲೆ ತೆಗೆದರೆ ರೆಪ್ಪೆ ಮೇಲೆದ್ದಿತ್ತು. ನಾನು ಅಳತೊಡಗಿದೆ. ಮೊದಲ ಸಲ ಒಬ್ಬರು ನನ್ನ ಮಾತನ್ನು ನಂಬಿದ್ದರು, ಅದೂ ನಾನು ಬಾಯಿ ಬಿಡುವ ಮೊದಲೇ. ರಕ್ತ ತೆಗೆದರು, ಕರೆಂಟು ಕೊಟ್ಟು ನೋಡಿದರು. ಮುಂದಿನ ಸಲ ಹೋದಾಗ ಕಾಯಿಲೆಗೆ ಒಂದು ಉದ್ದನೆಯ ಹೆಸರು ಹೇಳಿ, ನಮಗೆ ಅರ್ಥವಾಗಲೆಂದು ಹಿಂದಿಯಲ್ಲಿ ಬಿಡಿಸಿದರು. "ಮಸಲ್ಸ್ ಮೇಂ ವೀಕ್ನೆಸ್ ಕೀ ಬೀಮಾರೀ ಹೈ. ಗೋಲೀ ಬಂದ್ ನಹೀಂ ಕರ್ನಾ." ಸ್ನಾಯುಗಳಲ್ಲಿ ವೀಕ್ನೆಸ್ ಬರುವ ಕಾಯಿಲೆ, ಮಾತ್ರೆ ನಿಲ್ಲಿಸಬಾರದು ಎಂದು. ಇನ್ನೂ ಬಹಳ ಹೇಳಿದರು. ಉಸಿರಿನ ಬಗ್ಗೆಯೂ ಹೇಳಿದರು. ನಮ್ಮನೆಯವರ ಕಿವಿಗೆ ಬಿದ್ದದ್ದು ಒಂದೇ ಮಾತು.

ಮೆಟ್ಟಿಲು ಇಳಿಯುತ್ತಲೇ ಊರಿಗೆ ಫೋನು ಹಚ್ಚಿದರು. "ಏನಿಲ್ಲೋ ಅಣ್ಣಾ, ಸುಮ್ನ ಅಂಜಿದ್ವಿ. ಬರೇ ವೀಕ್ನೆಸ್ ಅಂತ!" ಬಸ್ಸಿನಲ್ಲಿ ಕುಳಿತು ಮತ್ತೊಬ್ಬರಿಗೆ ಮಾಡಿದರು. "ಹೌದ್ರಿ, ದೊಡ್ಡ ಡಾಕ್ಟರಽ ಹೇಳ್ಯಾರ, ಬರೇ ವೀಕ್ನೆಸ್." ಮಡಗಾಂವಿನಲ್ಲಿ ಇಳಿದು ಒಂದು ತಟ್ಟೆ ಮೊಟ್ಟೆ ಕೊಂಡರು.

ಅತ್ತೆ ಊರಿನಿಂದ ಅಂಟು, ಕೊಬ್ಬರಿ, ಉತ್ತತ್ತಿ ತರಿಸಿ ಅಂಟಿನ ಉಂಡಿ ಕಟ್ಟಿದರು. ನಮ್ಮಲ್ಲಿ ಬಾಣಂತಿಗೆ ಕೊಡುವಂಥದ್ದು, ಶಕ್ತಿಗೆ ಅದನ್ನು ಮೀರಿದ್ದಿಲ್ಲ. ಪ್ರೀತಿಯಿಂದಲೇ ಕಟ್ಟಿದ್ದರು, ಅದನ್ನು ನಾನು ಅಲ್ಲಗಳೆಯುವುದಿಲ್ಲ. ಆದರೆ ನನ್ನ ದವಡೆ ನಾಲ್ಕು ಸಲ ಆಡಿದರೆ ಜೋತು ಬೀಳುತ್ತಿತ್ತು. ಕೈಯಿಂದ ಗದ್ದ ಎತ್ತಿ ಹಿಡಿದು ಅಗಿಯಬೇಕಿತ್ತು. ಆಸ್ಪತ್ರೆಯ ಮಾತ್ರೆ ನುಂಗಿದರೆ ರೆಪ್ಪೆ, ದವಡೆ ಏಳುತ್ತಿದ್ದವು, ಜೊತೆಗೆ ಹೊಟ್ಟೆ ತೊಳೆಸಿ ಭೇದಿಯಾಗುತ್ತಿತ್ತು. ಅದನ್ನು ಕಂಡು ಮನೆಯಲ್ಲಿ ಪಂಚಾಯ್ತಿ ನಡೆಯಿತು.

"ಭೇದಿ ಆದ್ರ ವೀಕ್ನೆಸ್ ಹೆಚ್ಚಾಗ್ತೈತೋ ಕಡಿಮಿ ಆಗ್ತೈತೋ?" ಅತ್ತೆ ಮಗನನ್ನು ಕೇಳಿದರು.

"ಹೆಚ್ಚಾಗ್ತೈತಿ."

"ಮತ್ತ? ಈ ಗುಳಿಗಿ ಭಾಳ ಹೀಟ್ ಅದಾವ. ಮೊದಲ ಅವನ್ನ ಬಿಡಸು. ಮೈಯಾಗ ಶಕ್ತಿ ಬರ್ಲಿ, ಆಮ್ಯಾಲೆ ನುಂಗಿದ್ರಾತು."

ಇದರಲ್ಲಿ ತಪ್ಪು ಹುಡುಕುವುದು ಸುಲಭವಲ್ಲ. ವೀಕ್ನೆಸ್ ಅಂದರೆ ನಾವು ತಿಳಿದ ವೀಕ್ನೆಸ್ಸೇ ಆಗಿದ್ದರೆ ಅವರು ಹೇಳಿದ್ದು ಸರಿ. ನಾನು ಬೇಡವೆಂದು ಕೈ ಆಡಿಸಿದೆ. ಸಂಜೆಯಾಗಿತ್ತು, ದನಿ ಇರಲಿಲ್ಲ. ಡಾಕ್ಟರು ಹೇಳಿದ್ದನ್ನು ಹೇಳಲು ಬಾಯಿ ತೆರೆದರೆ ಮೂಗಿನಿಂದ ಗಾಳಿ ಬಂತು. ನಮ್ಮನೆಯವರು ಮಾತ್ರೆಯ ಡಬ್ಬಿಯನ್ನು ಅಟ್ಟದ ಮೇಲೆ, ನನ್ನ ಕೈ ಏರದ ಕಡೆ, ಇಟ್ಟರು.

ಎರಡನೆಯ ದಿನ ಮಧ್ಯಾಹ್ನ ಚಹಾ ಕುಡಿಯುತ್ತಿದ್ದೆ. ಅದು ಮೂಗಿನಿಂದ ಹೊರಗೆ ಬಂತು. ಆಮೇಲೆ ಎಂಜಲು ನುಂಗಲಾಗಲಿಲ್ಲ. ಕತ್ತು ಎದೆಗೆ ಬಿತ್ತು, ಎತ್ತಲಾಗಲಿಲ್ಲ. ಉಸಿರು ಒಳಗೆ ಹೋಗುವುದು ಕಡಿಮೆಯಾಗುತ್ತ ಬಂತು. ಎದೆಯಲ್ಲಿ ನೋವಿಲ್ಲ, ಕೆಮ್ಮಿಲ್ಲ, ಎಳೆದುಕೊಳ್ಳುವ ತಾಕತ್ತು ಇಲ್ಲ ಅಷ್ಟೇ. ನಮ್ಮನೆಯವರು ನನ್ನ ಭುಜ ಹಿಡಿದು ಅಲುಗಾಡಿಸುತ್ತಿದ್ದರು. "ಗಟ್ಟಿ ಮನಸ್ಸ ಮಾಡು ರೇಣುಕಾ! ನೀ ಗಟ್ಟಿಗಿತ್ತಿ ಅದೀ!" ಜೀವ ಹೋಗುತ್ತಿರುವಾಗ ನನಗೆ ಬಂದದ್ದು ಭಯವಲ್ಲ, ಸಿಟ್ಟು. ಈ ಮಾತನ್ನು ಕೇಳುತ್ತಲೇ ಸಾಯಬೇಕೇ ಎಂಬ ಸಿಟ್ಟು.

ಗದ್ದಲ ಕೇಳಿ ಮುಮ್ತಾಜಕ್ಕ ಬಂದಳು. ನನ್ನ ಮುಖ ನೋಡಿದವಳೇ ಯಾರನ್ನೂ ಏನನ್ನೂ ಕೇಳಲಿಲ್ಲ. ನನ್ನನ್ನು ಗಂಟಿನ ಹಾಗೆ ಹೆಗಲಿಗೆ ಹಾಕಿಕೊಂಡು ಮೆಟ್ಟಿಲು ಇಳಿದಳು. ಅವಳ ಗಂಡನ ಟೆಂಪೋ ಕೆಳಗೆ ನಿಂತಿತ್ತು. "ಉಸಿರ ತಗೋ ಅಂತ ಹೇಳಂಗಿಲ್ಲ ನಾ," ಎಂದು ದಾರಿಯುದ್ದಕ್ಕೂ ಬಡಬಡಿಸುತ್ತಿದ್ದಳು, "ಎಷ್ಟ ಆಗ್ತೈತೋ ಅಷ್ಟ ತಗೋ. ಉಳಿದದ್ದ ಅವರು ಕೊಡ್ತಾರ."

ಅವರು ಕೊಟ್ಟರು. ಗಂಟಲಿಗೆ ನಳಿಗೆ ಇಳಿಸಿ ಮಷೀನಿಗೆ ಹಚ್ಚಿದರು. ಆ ದಿನಗಳ ಬಗ್ಗೆ ಬಹಳ ಬರೆಯಲಾರೆ. ಎಚ್ಚರವಿದ್ದು ಅಲುಗಾಡಲಾಗದೆ ಮಲಗಿರುವುದು ಏನೆಂದು ಮಲಗಿದವರಿಗೇ ಗೊತ್ತು. ಮೂಗಿನ ಮೇಲೆ ನೊಣ ಕೂತರೆ ಅದು ತಾನಾಗಿ ಏಳುವವರೆಗೆ ಕಾಯಬೇಕು. ನನ್ನ ಮೈಯನ್ನು ಗುರುತಿಲ್ಲದವರು ಹೊರಳಿಸಿದರು, ಒರೆಸಿದರು, ಹೇಲು ಬಳಿದರು. ಮೊದಮೊದಲು ನಾಚಿಕೆಯಿಂದ ಸಾಯುತ್ತಿದ್ದೆ. ಒಬ್ಬ ವಯಸ್ಸಾದ ಸಿಸ್ಟರು ಇದ್ದರು. ನನ್ನ ರೆಪ್ಪೆಗೆ ಪೂರ್ತಿ ಮುಚ್ಚುವ ಬಲವೂ ಇಲ್ಲದೆ ಕಣ್ಣು ಉರಿಯುವುದನ್ನು ಅವರೇ ಕಂಡುಕೊಂಡು, ದಿನಾ ಒಂದು ಹನಿ ಔಷಧಿ ಬಿಟ್ಟು, ಬೆರಳಿನಿಂದ ರೆಪ್ಪೆ ಇಳಿಸಿ ಪಟ್ಟಿ ಅಂಟಿಸುತ್ತಿದ್ದರು. ಧೈರ್ಯ ತಂದುಕೋ ಅನ್ನುತ್ತಿರಲಿಲ್ಲ. ಏನೂ ಅನ್ನುತ್ತಿರಲಿಲ್ಲ. ಅವರ ಬೆರಳ ಕೆಳಗೆ ಮೊದಲ ಸಲ ನಾನು ಗಟ್ಟಿಯಾಗಿರುವುದನ್ನು ಬಿಟ್ಟೆ. ಬಿಟ್ಟ ಮೇಲೆ ನಿದ್ದೆ ಬಂತು.

ನಳಿಗೆ ತೆಗೆದು ವಾರ್ಡಿಗೆ ಹಾಕಿದ ಮೇಲೆ ನನ್ನ ಹತ್ತಿರ ಉಳಿದವರು ಅತ್ತೆ. ರೋಗಿಗಳ ಜೊತೆಯವರಿಗೆ ಬೆಳಿಗ್ಗೆ ಯಾರೋ ಪುಣ್ಯವಂತರು ಪಾವ್, ಭಾಜಿ ತಂದು ಹಂಚುತ್ತಿದ್ದರು. ಎಲ್ಲರಿಗೂ ಸಿಗುತ್ತಿತ್ತು, ಅತ್ತೆಗೆ ಮಾತ್ರ ಇಲ್ಲ. ಅವರು ಬರಿಗೈಯಲ್ಲಿ ಬಂದು ನನ್ನ ಮಂಚದ ಪಕ್ಕ ಕುಳಿತು ಬೈಯುತ್ತಿದ್ದರು.

"ಕೇಳ್ತಾರ, ಕೇಳಿ ಮುಂದ ಹೋಗ್ತಾರ. ನಾವು ಘಾಟಿಗಳು ಅಂತ ಹಿಂಗ ಮಾಡ್ತಾರ ನೋಡು. ಕೊಡೂ ಮನಸ್ಸಿಲ್ಲಂದ್ರ ಯಾಕ ಕೇಳ್ಬೇಕು?"

ಘಟ್ಟದ ಮೇಲಿನಿಂದ ಬಂದವರನ್ನು ಇಲ್ಲಿ ಘಾಟಿಗಳು ಎಂದು ಹೀನಾಯವಾಗಿ ಕರೆಯುವುದು ಹೊಸತೇನಲ್ಲ. ನಾನೂ ನಂಬಿದೆ, ಮನಸ್ಸಿನಲ್ಲೇ ಕುದಿದೆ. ಮಾರನೆಯ ದಿನ ಹಂಚುವ ಹೆಂಗಸು ನಮ್ಮ ಮಂಚದ ತನಕ ಬಂದಳು. "ಪಾವ್ ಕಿತ್ಲೆ?" ಎಂದು ನಗುತ್ತ ಕೇಳಿದಳು. ಎಷ್ಟು ಪಾವ್ ಎಂದು. ಹಸಿದ ಅತ್ತೆ ಸಂಕೋಚ ಬಿಟ್ಟು ಜೋರಾಗಿ ಹೇಳಿದರು, "ನಾಕ!" ಹೆಂಗಸು ತಲೆಯಾಡಿಸಿ ಮುಂದೆ ಹೋದಳು.

ನಮ್ಮ ಕಡೆ ನಾಕ ಅಂದರೆ ನಾಲ್ಕು. ಕೊಂಕಣಿಯಲ್ಲಿ ನಾಕಾ ಅಂದರೆ ಬೇಡ. ಪಾಪದ ಮುದುಕಿ ನಿತ್ಯವೂ ನಾಲ್ಕು ಕೇಳಿ, ಅದು ಬೇಡ ಅಂದ ಹಾಗಾಗಿ ಉಪವಾಸ ಇದ್ದರು. ನನ್ನ ಗಂಟಲಿನಲ್ಲಿ ಅಷ್ಟೂ ದಿನಗಳ ಮೇಲೆ ಮೊದಲ ಮಾತು ಹೊರಟಿತು, ಹರಕು ದನಿಯಲ್ಲಿ.

"ಅತ್ತೀ... ಚಾರ್ ಅನ್ರಿ. ನಾಕ ಅನಬ್ಯಾಡ್ರಿ."

ತಿಳಿದ ಮೇಲೆ ಅತ್ತೆ ನಗುತ್ತ ನಗುತ್ತ ಅಳಲು ಶುರುಮಾಡಿದರು. "ಹೊಟ್ಟಿ ಹಸದು ಕೇಳಾಕತ್ತಿದ್ನೆವ್ವಾ, ಬ್ಯಾಡ ಅಂತ ತಿಳಕೊಂಡ್ರು." ನನಗೂ ಅಳು ಬಂತು, ಆದರೆ ಪಾವಿನ ಸಲುವಾಗಿ ಅಲ್ಲ. ಅವರಾದರೂ ಬೇಕೆಂದು ಕೇಳಿದ್ದರು. ನೀರು ಹೊರಲೇನು, ಗಂಟು ಹಿಡಿಯಲೇನು ಎಂದು ಎಂದಾದರೂ ಒಬ್ಬರು ಕೇಳಿದರೆ ನಾನು ಕೊಂಕಣಿಯ ಅರ್ಥದಲ್ಲೇ ನಾಕಾ ಅನ್ನುತ್ತ ಬಂದವಳು. ಆಮೇಲಾಮೇಲೆ ಕೇಳುವವರೂ ಇರಲಿಲ್ಲ.

ಮನೆಗೆ ಬಂದ ಮೇಲೆ ಓಣಿಯ ಹೆಂಗಸರು ನೋಡಲು ಬಂದರು. ಮಷೀನು ಹಚ್ಚಿದ್ದರೆಂದು ತಿಳಿದದ್ದರಿಂದ ಈಗ ನನ್ನ ಕಾಯಿಲೆಗೂ ಮರ್ಯಾದೆ ಬಂದಿತ್ತು. ಎಳನೀರೂ ಬಂತು. "ಎಷ್ಟರೆ ಆಗ್ಲಿ, ಗಟ್ಟಿಗಿತ್ತಿ. ಸಾವಿನ ಬಾಯಾಗಿಂದ ಎದ್ದ ಬಂದ್ಲು," ಎಂದಳು ಒಬ್ಬಳು. ನಮ್ಮನೆಯವರು ಹೆಮ್ಮೆಯಿಂದ ಹೌದೌದು ಅಂದರು.

"ಅಲ್ರಿ," ಅಂದೆ ನಾನು. "ನಾ ಗಟ್ಟಿಗಿತ್ತಿ ಅಲ್ಲ. ನನ್ನ ಕೈಲೆ ಆಗಂಗಿಲ್ಲ."

ಈ ಮಾತನ್ನು ನಾನು ಹಿಂದೆಂದೂ ಆಡಿರಲಿಲ್ಲ. ಹಾಗಾದರೆ ನೀರು ಯಾರು ತರಬೇಕು ಎಂಬ ಪ್ರಶ್ನೆ ನಮ್ಮನೆಯವರ ಮುಖದಲ್ಲಿ ಕಂಡಿತು. ಅವರೇ ತಂದರು. ಗಂಡಸು ಕೊಡ ಹೊತ್ತು ಮೆಟ್ಟಿಲು ಹತ್ತುವುದನ್ನು ನೋಡಿ ಓಣಿ ವಾರಗಟ್ಟಲೆ ನಕ್ಕಿತು. ನಗಲಿ ಎಂದು ಬಿಟ್ಟೆ. ನಾನು ಈಗಲೂ ದಂಡೆಗೆ ಹೋಗುತ್ತೇನೆ, ಬೆಳಗಿನ ಹೊತ್ತು ಮಾತ್ರ. ಗಂಟು ಮುಮ್ತಾಜಕ್ಕ ಹೊರುತ್ತಾಳೆ, ನಾನು ಕುಳಿತು ಮಾರುತ್ತೇನೆ. ಒಂದು ದಿನ ಮಾರುವವರನ್ನು ಓಡಿಸುವ ಪೋಲೀಸರು ಬಂದಾಗ ಎಲ್ಲರೂ ಎದ್ದು ಓಡಿದರು. ನಾನು ಕುಳಿತೇ ಇದ್ದೆ. "ಮ್ಹಾಕಾ ಧಾಂವುಂಕ್ ಜಾಯ್ನಾ," ಅಂದೆ, ನನಗೆ ಓಡಲು ಆಗುವುದಿಲ್ಲ ಎಂದು. ಮುಂದೆ ಬಂದ ಪೋಲೀಸ ನನ್ನ ಜೋತ ರೆಪ್ಪೆ ನೋಡಿದ, ಸುತ್ತ ನೋಡಿದ. ಸಾವಕಾಶ ಹೋಗು ಎಂದು ಮುಂದೆ ನಡೆದ. ಇಷ್ಟು ವರ್ಷ ಓಡಿಯೇ ಓಡಿದ್ದೆ, ಒಮ್ಮೆಯೂ ನಿಂತು ಹೇಳಿ ನೋಡಿರಲಿಲ್ಲ.

ಇದನ್ನು ಓದುವವರಲ್ಲಿ ಯಾರಿಗಾದರೂ ಮನೆಯವರು ಬರೇ ಎಂದು ಹೇಳಿದ್ದರೆ, ಬರೇ ಸುಸ್ತು, ಬರೇ ತಲೆನೋವು, ಬರೇ ಮನಸ್ಸಿನದು ಎಂದು, ಅವರಿಗಾಗಿ ಇಷ್ಟು ಬರೆದೆ. ನನ್ನ ಹತ್ತಿರ ಧೈರ್ಯದ ಮಾತುಗಳಿಲ್ಲ. ನನಗೆ ಅವುಗಳ ಮೇಲೆ ಸಿಟ್ಟಿದೆ. ಆಗುವುದಿಲ್ಲ ಎಂದು ಹೇಳಿದರೆ ಭೂಮಿ ಬಾಯಿಬಿಡುವುದಿಲ್ಲ ಎಂದಷ್ಟೇ ಹೇಳಬಲ್ಲೆ.

ಇತ್ತೀಚೆಗೆ ತಪಾಸಣೆಗೆ ಹೋಗಿದ್ದೆವು. ಇದು ಯಾವಾಗ ಪೂರ್ತಿ ಹೋಗುತ್ತದೆ ಎಂದು ನಮ್ಮನೆಯವರು ಕೇಳಿದರು. ಹೋಗದೆಯೂ ಇರಬಹುದು, ಮಾತ್ರೆ ಬಿಡದೆ ಜೊತೆಗಿಟ್ಟುಕೊಂಡು ಬದುಕಬೇಕು ಎಂದರು ಡಾಕ್ಟರು. ಹೊರಗೆ ಬಂದು ಔಷಧಿ ಕೊಡುವ ಕಿಟಕಿಯ ಮುಂದಿನ ಬೆಂಚಿನಲ್ಲಿ ಕುಳಿತೆವು.

"ನನಗ ಗೊತ್ತಾಗಿತ್ತ," ಅಂದರು ನಮ್ಮನೆಯವರು.

"ಏನ್ರಿ?"

"ಮೊದಲನೇ ಸಲಾನಽ. ಉಸಿರಿಂದು ಹೇಳುವಾಗ ಆ ಡಾಕ್ಟರ್‌ಬಾಯಿ ಮಾರಿ ನೋಡಿದ್ನಿ. ಸಣ್ಣದಲ್ಲ ಇದು ಅನ್ನೂದು ಗೊತ್ತಾತು. ಭಾಳ ಅಂಜಿಕಿ ಬಂತು ರೇಣುಕಾ. ವೀಕ್ನೆಸ್ ಅಂದ್ರಲ್ಲ, ಅದೊಂದ ಮಾತ ಹಿಡಕೊಂಡು ಕುಂತೆ. ಎಲ್ಲಾರಿಗೂ ಫೋನ್ ಮಾಡಿ ಹೇಳಿದ್ರ ಅದಽ ಖರೇ ಆಗ್ತೈತಿ ಅನಿಸ್ತು."

ತಿಳಿಯದೆ ಮಾಡಿದ್ದೆಂದು ನಾನು ಇಷ್ಟು ದಿನ ಹೇಗೋ ನುಂಗಿಕೊಂಡಿದ್ದೆ. ಈಗ ಅದೂ ಹೋಯಿತು. ತಿಳಿದೂ ಆ ಡಬ್ಬಿಯನ್ನು ಅಟ್ಟಕ್ಕೆ ಇಟ್ಟಿದ್ದರು. ಎದ್ದು ಹೋಗಿಬಿಡೋಣ ಅನಿಸಿತು, ಆದರೆ ಆ ಹೊತ್ತಿಗೆ ಕಾಲು ಸೋತಿದ್ದವು. ನಮ್ಮನೆಯವರು ಟವೆಲ್ಲಿನಲ್ಲಿ ಮುಖ ಮುಚ್ಚಿಕೊಂಡು ಅಳುತ್ತಿದ್ದರು, ಸರತಿಯಲ್ಲಿ ನಿಂತವರೆಲ್ಲ ನೋಡುತ್ತಿದ್ದರು. ಮದುವೆಯಾದಾಗಿನಿಂದ ಅವರು ಅತ್ತದ್ದನ್ನು ನಾನು ಕಂಡಿರಲಿಲ್ಲ. ಮೊದಲಿನ ರೇಣುಕಾ ಆಗಿದ್ದರೆ ಆಗಲಿ ಬಿಡ್ರಿ ಎಂದು ಕಣ್ಣು ಒರೆಸಿ, ಚಹಾ ಕುಡಿಸಿ, ಅವರನ್ನೂ ಹೊತ್ತು ಮನೆಗೆ ತರುತ್ತಿದ್ದಳು.

ಆಗಲಿ ಬಿಡ್ರಿ ಎಂದು ನಾನು ಅನ್ನಲಿಲ್ಲ. ಇವತ್ತಿಗೂ ಅಂದಿಲ್ಲ.

"ನೀ ಗಟ್ಟಿ ಅದೀ," ಎಂದರು ಟವೆಲ್ಲಿನೊಳಗಿಂದ. "ನಾ ಅಲ್ಲ."

"ನಾನೂ ಅಲ್ರಿ," ಅಂದೆ.

ನನ್ನ ಕಡೆ ತಿರುಗಿದರು. ನನ್ನ ಕೈ ತಮ್ಮ ಹೆಗಲ ಮೇಲೆ ಬರುತ್ತದೆಂದು ಕಾಯುತ್ತಿದ್ದಾರೆಂದು ತಿಳಿಯಿತು. ಎತ್ತಿ ನೋಡಿದೆ, ಅದು ತೊಡೆ ಬಿಟ್ಟು ಏಳಲಿಲ್ಲ.

"ಕೈ ಎತ್ತಾಕ ಆಗವಲ್ದು," ಅಂದೆ. "ನೀವಽ ಇತ್ತಾಗ ಸರೀರಿ."